ಅಪ್ಪ ಸಾಕಿದ ಸಕ್ಕರ್ ಮೀನು

ಅಪ್ಪ ನಮ್ಮ ಮನೆಗೆ ಬಂದಾಗ ಒಂದು ಟ್ರಂಕು, ಒಂದು ಹಾಸಿಗೆ ಸುತ್ತು, ಅವ್ವನ ಫೋಟೊ ಬಿಟ್ಟರೆ ಬೇರೇನನ್ನೂ ತಂದಿರಲಿಲ್ಲ. ಹಟ್ಟಿಯ ಚಿನ್ನದ ಗಣಿಯಲ್ಲಿ ನೆಲದೊಳಗೆ ಇಳಿದು ದುಡಿದವನು. ನಿವೃತ್ತಿಯಾದ ಮೇಲೆ ಕಂಪನಿಯ ಕ್ವಾರ್ಟರ್ಸ್ ಬಿಟ್ಟುಕೊಡಬೇಕಾಯಿತು. ಅವ್ವ ಅದಕ್ಕೂ ಮೊದಲೇ ತೀರಿಕೊಂಡಿದ್ದಳು. ನಾನು ಅವರಿಗೆ ಒಬ್ಬಳೇ ಮಗಳು. ಸಿಂಧನೂರಿನಲ್ಲಿ ನಾವು ಕಟ್ಟಿಸಿದ ಮನೆಯಿದೆ. ನಾನು ಜವಳಗೇರಾದ ಹೈಸ್ಕೂಲಿನಲ್ಲಿ ಕನ್ನಡ ಕಲಿಸುತ್ತೇನೆ, ದಿನಾ ಬಸ್ಸಿಗೆ ಓಡಾಡುತ್ತೇನೆ. ನನ್ನವರು ಊರಲ್ಲೇ ಸರಕಾರಿ ಕಚೇರಿಯೊಂದರಲ್ಲಿ ಕೆಲಸಕ್ಕಿದ್ದಾರೆ. "ಮಾವಾ, ನೀವು ಮತ್ತ ಎಲ್ಲೂ ಹೋಗಬ್ಯಾಡ್ರಿ, ನಮ್ಮ ಕೂಡ ಇರ್ರಿ" ಎಂದು ಅವರೇ ಹಟ್ಟಿಗೆ ಹೋಗಿ ಕರೆದುಕೊಂಡು ಬಂದರು.

ಅಪ್ಪ ಬಂದ. ಆದರೆ ಬಂದವನು ನಮ್ಮ ಮನೆಯಲ್ಲಿ ಕೂತ ಹಾಗೆ ನನಗೆ ಅನ್ನಿಸುತ್ತಿರಲಿಲ್ಲ. ಮಗಳ ಮನೆಯಲ್ಲಿ ಬಹಳ ದಿನ ಉಳಿಯುವುದು ನಮ್ಮ ಕಡೆಯ ಗಂಡಸರಿಗೆ ಅಷ್ಟು ಸುಲಭವಲ್ಲ. ಬಾಗಿಲ ಹತ್ತಿರದ ಪ್ಲಾಸ್ಟಿಕ್ ಕುರ್ಚಿಯ ಮೇಲೆ, ಈಗಲೋ ಆಗಲೋ ಎದ್ದು ಹೋಗುವವನ ಹಾಗೆ ಕೂರುತ್ತಿದ್ದ. ಅಳಿಯ ಊಟಕ್ಕೆ ಕೂರದೆ ತಾನು ಕೂರುತ್ತಿರಲಿಲ್ಲ. ಎರಡನೇ ರೊಟ್ಟಿ ಹಾಕಿದರೆ ಗಂಗಾಳದ ಮೇಲೆ ಕೈ ಅಡ್ಡ ಹಿಡಿಯುತ್ತಿದ್ದ. ಹಟ್ಟಿಯಲ್ಲಿ ಅವ್ವ ಬಡಿದ ರೊಟ್ಟಿಯನ್ನು ಲೆಕ್ಕವಿಲ್ಲದೆ ತಿನ್ನುತ್ತಿದ್ದ ಮನುಷ್ಯ ಅವನು. ಟಿವಿ ಹಚ್ಚಲು ಕೂಡ "ಹಚ್ಚಲೇನು?" ಎಂದು ಕೇಳುತ್ತಿದ್ದ. ಮನಸ್ಸಿಗೆ ಕಸಿವಿಸಿಯಾಗುತ್ತಿತ್ತು, ಆದರೆ ಅದನ್ನು ಮಾತಾಡಿ ಸರಿಮಾಡುವ ದಾರಿ ನನಗೆ ತಿಳಿಯುತ್ತಿರಲಿಲ್ಲ.

ಒಂದು ಸಂಜೆ ನನ್ನವರು ಆಟೊದಲ್ಲಿ ಗಾಜಿನ ಮೀನುಪೆಟ್ಟಿಗೆ ಇಳಿಸಿಕೊಂಡು ಬಂದರು. ಹೊತ್ತು ಹೋಗಲಿ ಎಂದು ಅಪ್ಪನಿಗಾಗಿಯೇ ತಂದದ್ದು. ಬಾಯಲ್ಲಿ ಮಾತ್ರ ಹಾಲ್ ಚಂದ ಕಾಣಲೆಂದು ತಂದಿದ್ದೇನೆ ಅಂದರು. ಪ್ಲಾಸ್ಟಿಕ್ ಚೀಲದಲ್ಲಿ ಕೆಂಪು ಬಂಗಾರದ ಮೀನುಗಳಿದ್ದವು. ಇನ್ನೊಂದು ಸಣ್ಣ ಚೀಲದಲ್ಲಿ ಬೆರಳುದ್ದದ ಕಪ್ಪು ಮೀನೊಂದು ತಳಕ್ಕೆ ಅಂಟಿಕೊಂಡಿತ್ತು.

"ಇದೇನ್ರಿ ಇದು, ಹಲ್ಲಿ ಇದ್ದಂಗ ಐತಲ್ಲ?" ಅಂದೆ.

"ಸಕ್ಕರ್ ಅಂತಾರಂತ. ಗಾಜಿಗೆ ಹತ್ತಿದ ಪಾಚಿ ತಿಂತೈತಂತ. ಪೆಟಿಗಿ ತೊಳಿಯೂದು ಕಡಿಮಿ ಆಗ್ತೈತಿ ಅಂತ ಅಂಗಡ್ಯಾಂವ ಕೊಟ್ಟಾನ" ಎಂದರು.

ಬಂಗಾರದ ಮೀನುಗಳನ್ನು ಮನೆಗೆ ಬಂದವರೆಲ್ಲ ನೋಡುತ್ತಿದ್ದರು. ಅಪ್ಪನ ಕಣ್ಣು ಹೋದದ್ದು ಆ ಕಪ್ಪು ಮೀನಿನ ಮೇಲೆ. ಹಗಲು ಹೊತ್ತು ಅದು ಅಲಂಕಾರಕ್ಕೆ ಇಟ್ಟ ಕಲ್ಲಿನ ಹಿಂದೆ ಸರಿದು ಕೂತಿರುತ್ತಿತ್ತು. ಬಿಸಿಲು ಇಳಿದ ಮೇಲೆ ಹೊರಬಂದು ಗಾಜಿಗೆ ಬಾಯಿ ಹಚ್ಚುತ್ತಿತ್ತು. ಬಾಯಿ ಮುಖದ ಮುಂದಿರದೆ ಹೊಟ್ಟೆಯ ಕಡೆಗಿತ್ತು, ಒಂದು ಪುಟ್ಟ ಬಟ್ಟಲಿನ ಹಾಗೆ. ಗಾಜಿಗೆ ಬಿಗಿಯಾಗಿ ಹಿಡಿದು, ತುಟಿ ಆಡಿಸುತ್ತ ಮೆಲ್ಲಗೆ ಮೇಲೇರುತ್ತಿತ್ತು. ಮೈಮೇಲೆ ಉಳಿದ ಮೀನುಗಳಂತೆ ಹುರುಪೆ ಇರಲಿಲ್ಲ. ಮೂಳೆಯ ಬಿಲ್ಲೆಗಳನ್ನು ಸಾಲಾಗಿ ಜೋಡಿಸಿ ಹೊಲಿದಂತೆ ಗಟ್ಟಿ ಕವಚವಿತ್ತು. ಆಗಾಗ ಸರ್ರನೆ ಮೇಲಕ್ಕೆ ಬಂದು ಒಂದು ಗುಟುಕು ಗಾಳಿ ನುಂಗಿ ಮತ್ತೆ ತಳ ಸೇರುತ್ತಿತ್ತು. ಅಪ್ಪ ಕುರ್ಚಿಯನ್ನು ಬಾಗಿಲಿನಿಂದ ಪೆಟ್ಟಿಗೆಯ ಹತ್ತಿರಕ್ಕೆ ಎಳೆದುಕೊಂಡ.

"ಪಾಪ, ಇದಕ್ಕ ಬೆಳಕು ಆಗಂಗಿಲ್ಲ" ಎಂದು ಪೆಟ್ಟಿಗೆಯ ಲೈಟನ್ನು ಆರಿಸಿಬಿಡುತ್ತಿದ್ದ. ಕೆಲವು ದಿನ ಕಳೆದು, ಒಂದು ಮಧ್ಯಾಹ್ನ ಅಡುಗೆಮನೆಯ ಬಾಗಿಲಿಗೆ ಬಂದು ನಿಂತ. ಅಡುಗೆಮನೆಯ ಕಡೆ ಅವನು ಬರುವುದೇ ಅಪರೂಪ.

"ಯವ್ವಾ, ಒಂದ್ ತುಂಡು ಸೌತಿಕಾಯಿ ಕೊಡ್ತೀಯೇನು?"

"ಹಸಿವಾತೇನಪ್ಪಾ? ಊಟಕ್ಕ ಹಾಕ್ಲೇನು?"

"ನನಗಲ್ಲ, ಅದಕ್ಕ. ಪಾಚಿ ಎಲ್ಲಾ ಮುಗಿಸೈತಿ. ಹೊಟ್ಟಿ ಒಳಗ ಹೋಗೈತಿ ನೋಡು" ಎಂದ.

ನಮ್ಮ ಮನೆಗೆ ಬಂದ ಮೇಲೆ ಅವನು ಬಾಯಿ ಬಿಟ್ಟು ಏನನ್ನಾದರೂ ಕೇಳಿದ್ದು ಅದೇ ಮೊದಲು. ನಾನು ಇಡೀ ಸೌತೆಕಾಯಿಯನ್ನೇ ಕೊಟ್ಟೆ. ಅಪ್ಪ ಅದನ್ನು ಬಿಲ್ಲೆಯಾಗಿ ಕೊಯ್ದು, ಬಿಸಿನೀರಿನಲ್ಲಿ ಅದ್ದಿ ಮೆತ್ತಗೆ ಮಾಡಿ, ತೇಲದಂತೆ ಒಂದು ಚಮಚಕ್ಕೆ ಚುಚ್ಚಿ ಒಳಗೆ ಇಳಿಬಿಟ್ಟ. ಮರುದಿನ ನೋಡಿದರೆ ಸಿಪ್ಪೆಯ ಉಂಗುರ ಮಾತ್ರ ಉಳಿದಿತ್ತು. ಅಲ್ಲಿಂದ ಮುಂದೆ ಸಂತೆಯಿಂದ ಸೌತೆಕಾಯಿ, ಸೋರೆಕಾಯಿ ತರುವುದು ಅಪ್ಪನ ಕೆಲಸವಾಯಿತು. ಮೀನಿನ ನೆಪದಲ್ಲಿ ನಮಗೂ ಕಾಯಿಪಲ್ಲೆ ಬರತೊಡಗಿತು.

ಸಕ್ಕರ್ ಬೆಳೆಯಿತು. ಬೆರಳುದ್ದ ಇದ್ದದ್ದು ಗೇಣುದ್ದವಾಯಿತು, ಮುಂದೆ ಗೇಣನ್ನೂ ದಾಟಿತು. ಬೆನ್ನ ಮೇಲಿನ ರೆಕ್ಕೆ ಎತ್ತಿದರೆ ಹಾಯಿ ಬಿಚ್ಚಿದಂತೆ ಅಗಲ. ತಿರುಗುವಾಗ ಬಾಲ ಗಾಜಿಗೆ ಬಡಿಯುತ್ತಿತ್ತು, ಅಲಂಕಾರದ ಕಲ್ಲು ಉರುಳುತ್ತಿತ್ತು. ಬಂಗಾರದ ಮೀನುಗಳು ಮೂಲೆಗೆ ಸರಿದು ನಿಲ್ಲುತ್ತಿದ್ದವು. ನಾನು ಫೋನಿನಲ್ಲಿ ಹುಡುಕಿ ನೋಡಿದೆ. ದಕ್ಷಿಣ ಅಮೆರಿಕದ ನದಿಗಳ ಮೀನು, ಇನ್ನೂ ದೊಡ್ಡದಾಗುತ್ತದೆ, ಬಹಳ ವರ್ಷ ಬದುಕುತ್ತದೆ ಎಂದಿತ್ತು. ಓದಿ ಹೇಳಿದಾಗ ಅಪ್ಪನಿಗೆ ಖುಷಿಯಾಯಿತೋ ಚಿಂತೆಯಾಯಿತೋ ತಿಳಿಯಲಿಲ್ಲ. "ಎಲ್ಲಿಂದ ಎಲ್ಲಿಗೆ ಬಂದೈತಲ್ಲ" ಎಂದಷ್ಟೇ ಅಂದ.

ಆ ಚಳಿಗಾಲ ನನ್ನವರ ಸಂಬಂಧಿಕರ ಮನೆಯ ಮದುವೆ ಲಿಂಗಸುಗೂರಿನಲ್ಲಿ ಇತ್ತು. ಮೂವರೂ ಹಿಂದಿನ ದಿನವೇ ಹೋಗಿ ಉಳಿದೆವು. ಮರುದಿನ ಬೆಳಿಗ್ಗೆ ಬುದ್ಧವಂದನೆ ಹೇಳಿ ಮದುವೆ ಆಯಿತು. ಊಟ ಮುಗಿಸಿ ಮಧ್ಯಾಹ್ನದ ಬಸ್ಸಿಗೆ ಸಿಂಧನೂರಿಗೆ ಹೊರಟೆವು. ಮನೆಯ ಬೀಗ ತೆಗೆದ ಕೂಡಲೇ ನನ್ನ ಕಾಲಿಗೆ ತಣ್ಣಗೆ ನೀರು ತಾಗಿತು. ಮೀನುಪೆಟ್ಟಿಗೆಯ ಒಂದು ಮೂಲೆಯ ಗಾಜು ಒಡೆದು ಬಿದ್ದು, ನೀರೆಲ್ಲ ಹಾಲಿನ ಶಹಾಬಾದ್ ಕಲ್ಲಿನ ಮೇಲೆ ಹರಿದುಹೋಗಿತ್ತು. ಬಂಗಾರದ ಮೀನುಗಳು ಪೆಟ್ಟಿಗೆಯ ತಳದ ಮರಳಿನ ಮೇಲೆ ಸತ್ತು ಬಿದ್ದಿದ್ದವು. ಬಣ್ಣ ಆಗಲೇ ಬಿಳಚಿತ್ತು. ಕಪ್ಪು ಮೀನು ಮಾತ್ರ ಪೆಟ್ಟಿಗೆಯಲ್ಲಿ ಇರಲಿಲ್ಲ.

"ಬೆಕ್ಕು ಒಯ್ದಿರಬೇಕು" ಎಂದರು ನನ್ನವರು. ನಾನು ಒರೆಸುವ ಬಟ್ಟೆ ತರಲು ಹೊರಟೆ.

"ಜರಾ ತಡೀರಿ, ಮಾತಾಡಬ್ಯಾಡ್ರಿ" ಎಂದ ಅಪ್ಪ.

ಅಳಿಯನೆದುರು ಅಪ್ಪ ಹಾಗೆ ಗಟ್ಟಿಯಾಗಿ ಮಾತಾಡಿದ್ದನ್ನು ನಾನು ಕೇಳಿರಲಿಲ್ಲ. ನಿಂತಲ್ಲೇ ನಿಂತೆವು. ಅಪ್ಪ ತಲೆ ಓರೆ ಮಾಡಿ ಆಲಿಸಿದ. ಗಣಿಯೊಳಗೆ ಮೇಲಿನ ಬಂಡೆ ಸಡಿಲಾಗುವ ಮೊದಲು ಸಣ್ಣ ಸದ್ದು ಮಾಡುತ್ತದಂತೆ. ಅದಕ್ಕೆ ಕಿವಿ ಕೊಟ್ಟು ಕೊಟ್ಟು ರೂಢಿಯಾದ ಮನುಷ್ಯ. ನನಗೆ ಮೊದಲು ಏನೂ ಕೇಳಲಿಲ್ಲ. ಆಮೇಲೆ ಕೇಳಿತು. ಬಾಚಣಿಗೆಯ ಹಲ್ಲನ್ನು ಉಗುರಿನಿಂದ ಮೀಟಿದಂತೆ ಕರ್‌ಕರ್ ಎಂಬ ಸದ್ದು, ದೀವಾನದ ಕೆಳಗಿನಿಂದ.

ನನ್ನವರು ದೀವಾನ ಎತ್ತಿ ಹಿಡಿದರು. ಅಪ್ಪ ಮೊಳಕಾಲೂರಿ ಬಗ್ಗಿದ. ಅಲ್ಲಿ ನೆಲ ಸ್ವಲ್ಪ ತಗ್ಗು. ಒಂದಿಷ್ಟು ನೀರು ನಿಂತಿತ್ತು. ಬಾಗಿಲ ಹತ್ತಿರ ಇದ್ದ ಕಾಲೊರಸು ನೀರಲ್ಲಿ ತೇಲಿ ಅಲ್ಲಿಗೆ ಹೋಗಿ ಒದ್ದೆಯಾಗಿ ಬಿದ್ದಿತ್ತು. ಅದರ ಕೆಳಗೆ ಸಕ್ಕರ್ ಇತ್ತು. ಅಪ್ಪ ಎರಡೂ ಕೈಯಲ್ಲಿ ಎತ್ತಿದಾಗ ಅದು ಪಕ್ಕದ ಮುಳ್ಳುರೆಕ್ಕೆಗಳನ್ನು ಸೆಟೆಸಿ ಮತ್ತೆ ಕರ್‌ಕರ್ ಎಂದಿತು.

"ಜೀವ ಐತಿ! ಯವ್ವಾ, ಬಕೀಟು ತಾ, ಲಗೂನ!"

ನೀರು ತುಂಬಿದ ಬಕೆಟ್ಟಿಗೆ ಬಿಟ್ಟಾಗ ಅದು ತಳಕ್ಕೆ ಹೋಗಿ ಸುಮ್ಮನೆ ಬಿದ್ದುಕೊಂಡಿತು. ಅಪ್ಪ ಬಕೆಟ್ಟಿನ ಪಕ್ಕ ಒದ್ದೆ ನೆಲದಲ್ಲೇ ಕೂತ. ಮದುವೆಗೆಂದು ಉಟ್ಟ ಹೊಸ ಧೋತರ ಒದ್ದೆಯಾಯಿತು. ಸ್ವಲ್ಪ ಹೊತ್ತಿಗೆ ಮೀನು ಮೇಲೆ ಬಂದು ಒಂದು ಗುಟುಕು ಗಾಳಿ ತೆಗೆದುಕೊಂಡಿತು. ಅಪ್ಪ ನನ್ನ ಮುಖ ನೋಡಿ ನಕ್ಕ. ಅವ್ವ ಹೋದ ಮೇಲೆ ಅಪ್ಪ ಹಾಗೆ ಹಲ್ಲು ಕಾಣುವಂತೆ ನಕ್ಕದ್ದನ್ನು ನಾನು ನೋಡಿರಲಿಲ್ಲ.

ಮುಂದಿನ ದಿನಗಳಲ್ಲಿ ಸಕ್ಕರ್ ಬಚ್ಚಲಮನೆಯ ದೊಡ್ಡ ಟಬ್ಬಿನಲ್ಲಿ ಉಳಿಯಿತು. ನಾವು ಸ್ನಾನಕ್ಕೆ ಅದನ್ನು ಸುತ್ತುಬಳಸಿ ಹೋಗಬೇಕಿತ್ತು. ದೊಡ್ಡ ಪೆಟ್ಟಿಗೆ ತರೋಣವೆಂದು ನನ್ನವರು ಅಂದರು. ಅಪ್ಪ ಒಪ್ಪಲಿಲ್ಲ. ಅದಕ್ಕೆ ಇನ್ನೂ ಎಷ್ಟು ದೊಡ್ಡದು ಬೇಕಾಗುತ್ತದೋ, ತನ್ನಿಂದ ನಮಗೆ ಪರೇಶಾನಿ ಬೇಡವೆಂದ. "ಮಸ್ಕಿ ಕಡೆ ದೊಡ್ಡ ಕೆರಿ ಐತಲ್ಲ, ಅದರಾಗ ಬಿಟ್ಟು ಬರ್ತೀನಿ. ಆರಾಮ ಇರ್ತೈತಿ" ಎಂದು ತಾನೇ ತೀರ್ಮಾನಿಸಿದ. ಹತ್ತಿರದ ಕಾಲುವೆ ಬೇಡ, ನೀರು ನಿಲ್ಲಿಸಿದಾಗ ಒಣಗುತ್ತದೆ ಎಂದೂ ಯೋಚಿಸಿದ್ದ. ನನಗೂ ಸರಿಯೆನ್ನಿಸಿತು. ಪೆಟ್ಟಿಗೆಯಲ್ಲಿದ್ದ ಜೀವ ಕೆರೆ ಸೇರಿದರೆ ಪುಣ್ಯವೇ ಅಲ್ಲವೇ?

ಭಾನುವಾರ ಬೆಳಿಗ್ಗೆ ಮುಚ್ಚಳದ ಬಕೆಟ್ಟಿಗೆ ಅರ್ಧ ನೀರು ಹಾಕಿ, ಮೀನು ಬಿಟ್ಟು, ಮೇಲೆ ಒದ್ದೆ ಗೋಣಿಚೀಲ ಕಟ್ಟಿ ಲಿಂಗಸುಗೂರು ಬಸ್ ಹತ್ತಿದೆವು. ಅಪ್ಪ ಬಕೆಟ್ಟನ್ನು ಎರಡು ಪಾದಗಳ ನಡುವೆ ಇಟ್ಟುಕೊಂಡು ಕೂತ.

"ಯಜಮಾನ್ರ, ಬಕೀಟ್ನ್ಯಾಗ ಏನೈತ್ರಿ? ನೀರು ಚೆಲ್ಲಾಕತ್ತೈತಿ" ಎಂದ ಕಂಡಕ್ಟರ್.

"ಮೀನು ಐತಪಾ."

"ಮಸ್ಕ್ಯಾಗಿಂದ ಮಂದಿ ಮೀನು ತರ್ತಾರ, ನೀವು ಮಸ್ಕಿಗೇ ಒಯ್ಯಾಕತ್ತೀರಲ್ರಿ!" ಎಂದು ಅವನು ನಕ್ಕ. ಸುತ್ತ ಕೂತವರೂ ನಕ್ಕರು. ಅಪ್ಪನೂ ನಕ್ಕ.

ಮಸ್ಕಿಯಲ್ಲಿ ಇಳಿದು ಆಟೊ ಹಿಡಿದು ಕೆರೆಯ ಏರಿಯವರೆಗೆ ಹೋದೆವು. ಬಿಸಿಲು ಹಿತವಾಗಿತ್ತು. ಏರಿಯ ಆಚೆ ನೀರಿನ ಅಂಚಿನಲ್ಲಿ ಒಂದು ಹರಿಗೋಲನ್ನು ಕೋಲಿಗೆ ಆನಿಸಿ ಓರೆಯಾಗಿ ನಿಲ್ಲಿಸಿದ್ದರು. ಅದರ ನೆರಳಲ್ಲಿ ಒಬ್ಬ ಹೆಂಗಸು ಬಲೆಯನ್ನು ಮಡಿಲಲ್ಲಿ ಹರಡಿಕೊಂಡು ಕೂತಿದ್ದಳು. ನನಗಿಂತ ಒಂದಿಷ್ಟು ಸಣ್ಣವಳು. ಅಪ್ಪ ಬಕೆಟ್ ಹಿಡಿದು ನೀರಿನ ಕಡೆ ಇಳಿಯುವುದನ್ನು ನೋಡಿ ಅಲ್ಲಿಂದಲೇ ಕೂಗಿದಳು.

"ಏ ಯಪ್ಪಾ, ಏನ್ ತಂದೀರಿ?"

"ಮನ್ಯಾಗ ಸಾಕಿದ ಮೀನವಾ. ದೊಡ್ಡದಾತು. ನೀರಿಗೆ ಬಿಡಾಕ ಬಂದೀವಿ."

ಆಕೆ ಬಲೆ ಕೆಳಗಿಟ್ಟು ಎದ್ದು ಬಂದಳು. ಗೋಣಿಚೀಲ ಸರಿಸಿ ಬಕೆಟ್ಟಿನೊಳಗೆ ಇಣುಕಿದಳು. ಮುಖ ಗಂಟಿಕ್ಕಿತು.

"ಇದನ್ನ ಬಿಡಾಕ ಬಂದೀರಾ? ಬ್ಯಾಡ್ರಿ ಯಪ್ಪಾ, ನಿಮಗ ಕೈ ಮುಗೀತೀನಿ. ಈ ಮುಳ್ಳು ಹಂದಿ ಮೀನಿನ ಕಾಟಕ್ಕ ನಾವು ಸತ್ತು ಹೋಗೀವಿ."

"ಒಂದರಿಂದ ಏನಾಗ್ತೈತವಾ?" ಎಂದೆ ನಾನು.

"ಒಂದೊಂದ ಬಿಟ್ಟು ಬಿಟ್ಟು ಹಿಂಗ ಆಗೈತ್ರಿ ಅಕ್ಕಾ. ಬರ್ರಿ ಇಲ್ಲಿ."

ಆಕೆ ನಮ್ಮನ್ನು ಹರಿಗೋಲಿನ ಆಚೆ ಬದಿಗೆ ಕರೆದೊಯ್ದಳು. ದಂಡೆಯ ಮೇಲೆ ಒಣಗಿದ ಸಕ್ಕರ್ ಮೀನುಗಳ ಗುಡ್ಡೆ ಇತ್ತು. ದೊಡ್ಡವು, ಸಣ್ಣವು, ಬಿಸಿಲಿಗೆ ಕಾದು ಕಟ್ಟಿಗೆಯ ತುಂಡಿನಂತೆ ಆಗಿದ್ದವು. ಕಣ್ಣಿದ್ದ ಜಾಗ ತೂತಾಗಿತ್ತು. ಕವಚ ಮಾತ್ರ ಹಾಗೇ ಇತ್ತು. ನಾಯಿಯೊಂದು ಬಂದು ಮೂಸಿ, ಬಾಯಿ ಹಾಕದೆ ಹೋಯಿತು. ಅಪ್ಪ ಬಕೆಟ್ಟನ್ನು ಕೆಳಗಿಟ್ಟ. ನಾನು ಮೂಗಿಗೆ ಸೆರಗು ಹಿಡಿದೆ.

ರೋಹು, ಕಾಟ್ಲಾದಂಥ ಮಾರುವ ಮೀನಿಗೆಂದು ಬಲೆ ಹಾಕಿದರೆ ಬೀಳುವುದು ಇವೇ ಎಂದು ಆಕೆ ಹೇಳಿದಳು. ಮಾರಲು ಬರುವುದಿಲ್ಲ, ಯಾರೂ ತಿನ್ನುವುದಿಲ್ಲ. ಮುಳ್ಳು ರೆಕ್ಕೆ ಸೆಟೆಸಿ ಬಲೆಯಲ್ಲಿ ಸಿಕ್ಕಿಕೊಂಡರೆ ಬಿಡಿಸಲು ಬಾರದು, ಬಲೆಯನ್ನೇ ಕೊಯ್ಯಬೇಕು. ಹೊಳೆಗೆ ಮಹಾಪೂರ ಬಂದ ವರ್ಷ ಬಂದವು ಎಂದು ಅವಳ ಗಂಡ ಹೇಳುತ್ತಾನಂತೆ. ಯಾರೋ ಮಾಟ ಮಾಡಿಸಿ ಬಿಟ್ಟಿದ್ದಾರೆ ಎಂದು ಅವಳ ಅತ್ತೆ ಹೇಳುತ್ತಾಳಂತೆ. "ಯಾರಿಗೆ ಗೊತ್ತ್ರಿ. ನಾ ಮದುವಿಯಾಗಿ ಬಂದಾಗ ಇವು ಇದ್ದಿಲ್ಲ" ಎಂದಳು. ಬಲ ಅಂಗೈ ಚಾಚಿ ತೋರಿಸಿದಳು. ಹೆಬ್ಬೆರಳ ಬುಡದಲ್ಲಿ ಉದ್ದಕ್ಕೆ ಗಾಯದ ಗುರುತಿತ್ತು.

ಅಪ್ಪ ಬಹಳ ಹೊತ್ತು ಆ ಗುಡ್ಡೆಯನ್ನೇ ನೋಡುತ್ತ ನಿಂತ. ಆಮೇಲೆ ಅವಳ ಬಲೆಯ ಹತ್ತಿರ ಹೋದ. ಅದರಲ್ಲಿ ಇನ್ನೂ ಜೀವವಿದ್ದ ಸಕ್ಕರ್ ಒಂದು ಸಿಕ್ಕಿಕೊಂಡಿತ್ತು.

"ಕೊಯ್ಯಬ್ಯಾಡ, ಜರಾ ನಾ ನೋಡ್ಲೇನವಾ?"

"ಕೈಗೆ ಚುಚ್ಚಿಸಿಕೊಂತೀರಿ, ಬ್ಯಾಡ್ರಿ."

ಅಪ್ಪ ಆಗಲೇ ಕೂತುಬಿಟ್ಟಿದ್ದ. ದಿನವೂ ಮೀನಿನ ಮುಂದೆ ಕೂತವನಿಗೆ ಅದು ಯಾವಾಗ ರೆಕ್ಕೆ ಸೆಟೆಸುತ್ತದೆ, ಯಾವಾಗ ಸಡಿಲ ಬಿಡುತ್ತದೆ ಎಂಬುದು ರೂಢಿಯಾಗಿತ್ತೋ ಏನೋ. ಒದ್ದೆ ಗೋಣಿಚೀಲವನ್ನು ಅದರ ತಲೆಯ ಮೇಲೆ ಹಾಕಿ, ಕಣ್ಣಿಗೆ ಕತ್ತಲೆ ಮಾಡಿ, ಅದು ಸುಮ್ಮನಾಗುವವರೆಗೆ ಕಾದ. ರೆಕ್ಕೆಯ ಬಿಗಿ ತುಸು ಸಡಿಲವಾದಾಗ ನೂಲನ್ನು ಒಂದೊಂದಾಗಿ ಹಿಂದಕ್ಕೆ ಸರಿಸಿದ. ಬೆರಳಿಗೆ ಒಮ್ಮೆ ಚುಚ್ಚಿತು. ಬಾಯಲ್ಲಿಟ್ಟು ಚೀಪಿ ಮತ್ತೆ ಕೈ ಹಾಕಿದ. ಕೊನೆಗೆ ಮೀನು ಬಿಡಿಸಿಕೊಂಡು ಬಂತು. ಬಲೆ ಹರಿದಿರಲಿಲ್ಲ.

"ಬಾಳ ಹೊತ್ತು ಹಿಡೀತು. ನಿಮ್ಮಂಗ ಕುಂತ್ರ ನಮ್ಮ ಸಂತಿ ಮುಗುದು ಹೋಗ್ತೈತಿ ಯಪ್ಪಾ" ಎಂದಳು ಆಕೆ. ದನಿಯಲ್ಲಿ ಸಿಟ್ಟು ಹೋಗಿತ್ತು.

ಬಿಡಿಸಿದ ಮೀನನ್ನು ಅವಳು ತೆಗೆದುಕೊಂಡು ಕಲ್ಲಿನ ಮೇಲಿಟ್ಟು, ಕಟ್ಟಿಗೆಯಿಂದ ತಲೆಗೆ ಒಂದೇ ಪೆಟ್ಟು ಹಾಕಿದಳು. ನಾನು ಮುಖ ತಿರುಗಿಸಿದೆ.

"ಹಂಗ ಒಗದ್ರ ಲಗೂನ ಸಾಯಂಗಿಲ್ರಿ ಇವು. ಸಂಜಿತನ ಬಾಯಿ ಬಿಟಗೊಂತ ಬಿದ್ದಿರ್ತಾವು. ನೋಡಾಕ ಆಗಂಗಿಲ್ಲ, ಅದಕ್ಕ ಹೊಡೀತೀನಿ" ಎಂದು ಅವಳೇ ಹೇಳಿದಳು. ಆಮೇಲೆ ನಮ್ಮ ಬಕೆಟ್ಟಿನ ಕಡೆ ನೋಡಿ, "ಇದನ್ನೂ ಕೊಡ್ತೀರೇನು? ನಿಮಗ ಕೈ ಬರಂಗಿಲ್ಲ ಅಂದ್ರ ನಾ ಮುಗಸ್ತೀನಿ" ಎಂದಳು.

ಅಪ್ಪ ಗಡಬಡಿಸಿ ಬಕೆಟ್ಟನ್ನು ತನ್ನ ಕಡೆ ಎಳೆದುಕೊಂಡ. "ಬ್ಯಾಡವಾ. ಕೆರಿಗೆ ಬಿಡಂಗಿಲ್ಲ. ಆದ್ರ ಇದು ಮನ್ಯಾಗ ಬೆಳದದ್ದು."

ಅವಳು ಒತ್ತಾಯಿಸಲಿಲ್ಲ. ಅಷ್ಟರಲ್ಲಿ ಅವಳ ಗಂಡ ಊರಿನಿಂದ ಬುತ್ತಿ ತಂದ. ನಾನೂ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಬಂದಿದ್ದೆ. ನಾಲ್ವರೂ ಹರಿಗೋಲಿನ ನೆರಳಿನಲ್ಲಿ ಹಂಚಿಕೊಂಡು ಉಂಡೆವು. ಊಟದ ಮೇಲೆ ಅಪ್ಪ ಇನ್ನಷ್ಟು ಹೊತ್ತು ಕೂತು ಹರಿದ ಬಲೆಗೆ ಗಂಟು ಹಾಕುವುದನ್ನು ಅವಳಿಂದ ಕಲಿತ. ಅವನ ಗಂಟುಗಳು ಸೊಟ್ಟಗಿದ್ದವು. ಅವಳು ಬಿಚ್ಚಿ ಮತ್ತೆ ಹಾಕುತ್ತಿದ್ದಳು, ಅವನು ಮತ್ತೆ ನೋಡುತ್ತಿದ್ದ.

ವಾಪಸು ಬರುವ ಬಸ್ಸಿನಲ್ಲಿ ಅಪ್ಪ ಕಿಟಕಿ ಬದಿಗೆ ಕೂತ. ಕಾಲ ನಡುವೆ ಅದೇ ಬಕೆಟ್ಟು. ಎರಡೂ ಕಡೆ ಭತ್ತದ ಗದ್ದೆ ಹಸಿರಾಗಿ ಹಾದುಹೋಗುತ್ತಿತ್ತು. ಸಿಂಧನೂರು ಹತ್ತಿರ ಬಂದಾಗ, "ಈಗ ಏನ್ ಮಾಡೂದವಾ ಇದನ್ನ?" ಎಂದ.

"ಮನಿಗಿ ಹೋಗೂಣ ನಡಿಯಪ್ಪಾ" ಎಂದೆ.

ಬಾಗಿಲು ತೆಗೆದ ನನ್ನವರು ಬಕೆಟ್ ನೋಡಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಕೆರೆಯ ದಂಡೆಯಲ್ಲಿ ನಡೆದದ್ದನ್ನು ಹೇಳಿದ ಮೇಲೆ ನಗು ನಿಲ್ಲಿಸಿದರು. ಚಹಾ ಕುಡಿಯುವಾಗ ಅಪ್ಪ ಬಟ್ಟಲು ಕೆಳಗಿಟ್ಟು ಹೇಳಿದ:

"ಅಳಿಯಂದ್ರ, ಹಿತ್ತಲದಾಗ ಹಳೇ ಹೌದ ಐತಲ್ಲ, ಅದನ್ನ ನಾ ರಿಪೇರಿ ಮಾಡ್ತೀನಿ. ಸಿಮೆಂಟು, ಉಸುಕು ತರಸ್ರಿ."

ಹೌದ ಎಂದರೆ ನೀರು ತುಂಬಿಡುವ ಸಿಮೆಂಟಿನ ತೊಟ್ಟಿ. ಮನೆಯ ಮೇಲೆ ಪ್ಲಾಸ್ಟಿಕ್ ಟ್ಯಾಂಕು ಬಂದ ಮೇಲೆ ಅದು ಬಿರುಕುಬಿಟ್ಟು, ಹಳೇ ಸಾಮಾನು ತುಂಬಿಕೊಂಡು ಬಿದ್ದಿತ್ತು. ಅಪ್ಪ 'ಮಾಡಲೇನು' ಎಂದು ಕೇಳಲಿಲ್ಲ, 'ಮಾಡ್ತೀನಿ' ಎಂದ. ನಾನು, ನನ್ನವರು ಮುಖ ಮುಖ ನೋಡಿಕೊಂಡೆವು. ಮರುದಿನವೇ ಸಿಮೆಂಟು ಬಂತು. ಅಪ್ಪ ಬನಿಯನ್ನಿನಲ್ಲಿ ನಿಂತು ಹೌದದೊಳಗಿನ ಕಸ ಹೊರಹಾಕಿ, ಬಿರುಕು ಕೆತ್ತಿ, ಗಿಲಾವು ಮಾಡಿದ. ಹೊಸ ಸಿಮೆಂಟಿನ ಕ್ಷಾರ ಹೋಗಲೆಂದು ನೀರು ತುಂಬಿಸಿ ತುಂಬಿಸಿ ಹೊರಗೆ ಬಿಟ್ಟ. ಮಣ್ಣಿನ ಗಡಿಗೆಯೊಂದನ್ನು ಅಡ್ಡ ಮಲಗಿಸಿ ಅಡಗಲು ಜಾಗ ಮಾಡಿದ. ಕೆಲಸ ಮುಗಿದ ದಿನ ಮೂರು ರೊಟ್ಟಿ ಉಂಡ. ನಾನು ಹಾಕುತ್ತ ಹೋದೆ.

ಮೀನನ್ನು ಹೌದಕ್ಕೆ ಬಿಟ್ಟ ಮೇಲೆ ಅಪ್ಪ ಮೀನು ಮಾರಿದ ಅಂಗಡಿಗೆ ಹೋದ. ಇದು ಇಷ್ಟುದ್ದ ಬೆಳೆಯುತ್ತದೆ, ಕೆರೆಗೆ ಬಿಡಬಾರದು ಎಂದು ಕೊಳ್ಳುವವರಿಗೆ ಮೊದಲೇ ಹೇಳು ಎಂದನಂತೆ. "ಹಂಗ ಹೇಳಿದ್ರ ಯಾರ್ ತಗೊಂತಾರ್ರಿ?" ಎಂದನಂತೆ ಅಂಗಡಿಯವನು. ಇಬ್ಬರೂ ಮಾತಿಗೆ ಮಾತು ಬೆಳೆಸಿದರಂತೆ. ಕೊನೆಗೆ ಅಂಗಡಿಯವನು, "ದೊಡ್ಡದಾದ್ರ ನಿಮ್ಮನಿಗೆ ಕಳಸ್ತೀನಿ, ನೀವ ಇಟಗೊಳ್ರಿ" ಎಂದು ವ್ಯಂಗ್ಯವಾಗಿ ಅಂದ. ಅಪ್ಪ "ಕಳಸು" ಎಂದು ಬಂದ.

ಅವನು ನಿಜವಾಗಿ ಕಳಿಸಿದ. ಮೊದಲು ಬಂದವರು ಒಬ್ಬ ಡಾಕ್ಟರ ಮನೆಯವರು, ಆಮೇಲೆ ಅಕ್ಕಿ ಗಿರಣಿಯ ಗುಮಾಸ್ತ, ಆಮೇಲೆ ಗುರುತಿಲ್ಲದವರು. ಕೈಯಲ್ಲಿ ಬಕೆಟ್ಟು, ಹಂಡೆ, ಒಮ್ಮೆ ಪ್ರೆಶರ್ ಕುಕ್ಕರ್. ಅಪ್ಪ ಬಾಗಿಲು ತೆಗೆದು "ಬರ್ರಿ, ಒಳಗ ಬರ್ರಿ" ಎನ್ನುತ್ತಿದ್ದ. ನನ್ನ ಕಡೆ ತಿರುಗಿ "ಯವ್ವಾ, ಮಂದಿ ಬಂದಾರ, ಚಾ ಇಡು" ಎಂದು ಕೂಗುತ್ತಿದ್ದ. ಹಿತ್ತಲಿಗೆ ಕರೆದೊಯ್ದು ಹೌದ ತೋರಿಸುತ್ತಿದ್ದ. ಮಸ್ಕಿಯ ದಂಡೆಯಲ್ಲಿ ಕಂಡದ್ದನ್ನೂ ಹೇಳುತ್ತಿದ್ದ.

ಆದರೆ ಹೌದ ಹೌದವೇ, ಕೆರೆಯಲ್ಲ. ಬೇಸಿಗೆಯಲ್ಲಿ ಕಾಲುವೆಗೆ ನೀರು ನಿಂತು, ನಲ್ಲಿ ನೀರು ಬರುವುದು ಅಪರೂಪವಾದಾಗ ಮೀನುಗಳು ಒಂದನ್ನೊಂದು ತಳ್ಳಾಡತೊಡಗಿದವು. ಎರಡು ಸತ್ತವು. ಅಂಥ ದಿನದಲ್ಲೇ ಒಬ್ಬ ಯುವಕ ಸ್ಕೂಟರಿನ ಮೇಲೆ ಡಬ್ಬಿ ಇಟ್ಟುಕೊಂಡು ಬಂದ. ಮನೆ ಖಾಲಿ ಮಾಡುತ್ತಿದ್ದಾನೆ, ಡಬ್ಬಿಯಲ್ಲಿ ಎರಡು ದೊಡ್ಡ ಸಕ್ಕರ್. ಅಪ್ಪ ಅವನನ್ನು ಕೂರಿಸಿ ನೇರವಾಗಿ ಹೇಳಿದ:

"ತಮ್ಮಾ, ಜಾಗಾ ಇಲ್ಲ. ಇಟಗೊಂಡ್ರ ಎಲ್ಲಾ ಸಾಯ್ತಾವು. ನೀ ವಾಪಸ್ ಒಯ್ದು ಸಾಕು, ಇಲ್ಲಾಂದ್ರ ನನ್ನ ಕಡೆ ಬಿಡು, ನಾ ಕೊಲ್ತೀನಿ. ಕಾಲುವಿಗೆ ಮಾತ್ರ ಬಿಡಬ್ಯಾಡ."

ಯುವಕ ತಬ್ಬಿಬ್ಬಾದ. ಡಬ್ಬಿಯನ್ನು ನೋಡಿದ, ಅಪ್ಪನನ್ನು ನೋಡಿದ. "ನನಗಂತೂ ಆಗಂಗಿಲ್ರಿ ಅಜ್ಜಾ" ಎಂದು ಡಬ್ಬಿ ಬಿಟ್ಟು ಹೋದ.

ಅಪ್ಪ ಅವನ್ನು ಹಿತ್ತಲಿಗೆ ಒಯ್ದ. ನಾನು ಅಡುಗೆಮನೆಯ ಕಿಟಕಿಯಲ್ಲಿದ್ದೆ. ಕಲ್ಲಿನ ಮೇಲಿಟ್ಟು ಒಂದೊಂದೇ ಪೆಟ್ಟು ಹಾಕಿದ, ಮಸ್ಕಿಯ ಹೆಂಗಸು ಮಾಡಿದ ಹಾಗೆಯೇ. ಪೇರಲ ಗಿಡದ ಬುಡದಲ್ಲಿ ಗುಂಡಿ ತೆಗೆದು ಮುಚ್ಚಿದ. ಕೈ ತೊಳೆದು ಬಂದು ಮೆಟ್ಟಿಲ ಮೇಲೆ ಕೂತ. ನಾನು ಹೋಗಿ ಪಕ್ಕದಲ್ಲಿ ಕೂತೆ.

"ಆಕಿ ಕೈಗೆ ಕೊಟ್ಟು ಬರೂಣ ಅಂತ ಮೊದಲು ಅನಸ್ತು" ಎಂದ. "ಆಮ್ಯಾಲ ಅಂದ್ಕೊಂಡ್ನಿ, ನನಗ ಬ್ಯಾಡಾದದ್ದನ್ನ ಆಕಿ ಕಡೆ ಯಾಕ ಮಾಡಸಬೇಕು?"

ನಾನು ಅವನ ಕೈ ಹಿಡಿದುಕೊಂಡೆ. ಚಿಕ್ಕವಳಿದ್ದಾಗ ಹಟ್ಟಿಯ ಬೀದಿಯಲ್ಲಿ ಹಿಡಿದದ್ದು ಬಿಟ್ಟರೆ ದೊಡ್ಡವಳಾದ ಮೇಲೆ ನಾನು ಅವನ ಕೈ ಹಿಡಿದಿರಲಿಲ್ಲ. ಅವನು ಕೊಸರಿಕೊಳ್ಳಲಿಲ್ಲ.

ಆ ಬೇಸಿಗೆ ಮುಗಿಯುವಷ್ಟರಲ್ಲಿ ಉಳಿದವೂ ಒಂದೊಂದಾಗಿ ಸತ್ತು, ಈಗ ಹೌದದಲ್ಲಿ ನಮ್ಮ ಹಳೆಯ ಸಕ್ಕರ್ ಮತ್ತು ಇನ್ನೊಂದು ಮಾತ್ರ ಇವೆ. ಅಂಗಡಿಯವನು ಸಕ್ಕರ್ ಮಾರುವುದನ್ನು ನಿಲ್ಲಿಸಿಲ್ಲ. ಕೇಳಿದವರಿಗೆ ಮಾತ್ರ "ದೊಡ್ಡದಾಗ್ತೈತ್ರಿ" ಎಂದು ಹೇಳುತ್ತಾನಂತೆ. ಅಪ್ಪ ತಿಂಗಳಿಗೆ ಒಮ್ಮೆಯಾದರೂ ಮಸ್ಕಿಗೆ ಹೋಗಿ, ಆ ಗಂಡಹೆಂಡತಿಯ ಜೊತೆ ಕೂತು ಬಲೆ ಬಿಡಿಸಿ ಬರುತ್ತಾನೆ. ಗಂಟು ಹಾಕುವುದು ಈಗ ಬರುತ್ತದೆ.

ಈ ಬೇಸಿಗೆಯಲ್ಲಿ ಕೆರೆಯ ನೀರು ಇಳಿದಾಗ ಆಕೆ ಫೋನ್ ಮಾಡಿದಳು. "ಯಪ್ಪಾ, ಈ ಸಲ ಚಲೋ ಮೀನು ಸಿಕ್ಕಾವ, ಅಕ್ಕಾನ್ನೂ ಸಾಹೇಬ್ರನ್ನೂ ಕರಕೊಂಡು ಬರ್ರಿ" ಎಂದಳು. ಮೂವರೂ ಹೋದೆವು. ಸಕ್ಕರ್‌ಗಳೂ ಇದ್ದವು, ಬಹಳವೇ ಇದ್ದವು. ಅವುಗಳ ನಡುವೆ ರೋಹು ಬೆಳ್ಳಗೆ ಹೊಳೆಯುತ್ತಿದ್ದವು. ನನ್ನವರು ಪ್ಯಾಂಟು ಮಡಚಿ ಕೆಸರಿಗೆ ಇಳಿದು ಬಲೆ ಎಳೆದರು. ಅಪ್ಪ ದಂಡೆಯಲ್ಲಿ ಕೂತು ಆರಿಸಿ ಆರಿಸಿ ಬುಟ್ಟಿಗೆ ಹಾಕಿದ. ಹೊರಡುವಾಗ ಆಕೆ ಒಂದು ರೋಹುವನ್ನು ಬಾಲ ಹಿಡಿದು ತಂದು ನನ್ನ ಕೈಗಿಟ್ಟಳು.

ಮನೆಗೆ ಬಂದು ಹುಣಸೆಹುಳಿ, ಬೆಳ್ಳುಳ್ಳಿ, ಗುಂಟೂರು ಖಾರ ಹಾಕಿ ಸಾರು ಮಾಡಿದೆ. ನನ್ನವರು ಇನ್ನೂ ಸ್ನಾನದಲ್ಲಿದ್ದರು. ಅಪ್ಪ ಗಂಗಾಳ ಎಳೆದುಕೊಂಡು ಕೂತು, "ಉಪ್ಪು ಒಂಚೂರು ಕಡಿಮಿ ಆಗೈತವಾ" ಎಂದ. ನಾನು ಉಪ್ಪಿನ ಡಬ್ಬಿ ತಂದು ಅವನ ಮುಂದಿಟ್ಟೆ.